ನನ್ನ ಹೆಂಡತಿ ನೋಡುತ್ತಿದ್ದ ಮನುಷ್ಯ

ಇಪ್ಪತ್ತೆರಡು ವರ್ಷ ನನ್ನ ಹೆಂಡತಿ ಇನ್ನೊಬ್ಬ ಗಂಡಸಿನ ಮುಖ ನೋಡಿ ಸಂಬಳ ತಂದಳು. ಹೀಗೆ ಹೇಳಿದರೆ ಜನ ನಗುತ್ತಾರೆ. ನಗಲಿ. ಅವರ ಮನೆಯಲ್ಲಿ ಹೀಗಾಗಿದ್ದರೆ ಗೊತ್ತಾಗುತ್ತಿತ್ತು.

ಅವಳ ಕೆಲಸ ಒಂದು ಸುದ್ದಿ ವಾಹಿನಿಯ ಲೈಬ್ರರಿಯಲ್ಲಿ. ಲೈಬ್ರರಿ ಎಂದರೆ ಪುಸ್ತಕದ್ದಲ್ಲ, ವಾಹಿನಿ ಶುರುವಾದಾಗಿನಿಂದ ಚಿತ್ರೀಕರಿಸಿದ್ದನ್ನೆಲ್ಲ ಕೂಡಿಟ್ಟಿರುವ ಜಾಗ. ನೆಲಮಾಳಿಗೆಯಲ್ಲಿ ಕಿಟಕಿಯೇ ಇಲ್ಲದ ಕೋಣೆ. ಗೋಡೆಯುದ್ದಕ್ಕೂ ಕಬ್ಬಿಣದ ಕಪಾಟು, ನಾಲ್ಕು ಮೇಜು, ನಾಲ್ಕು ಟೀವಿ, ನಾಲ್ಕು ಹೆಡ್‌ಫೋನು. ಕ್ಯಾಮೆರಾದವರು ತಂದು ಸುರಿದದ್ದನ್ನು ಮೊದಲಿಂದ ಕೊನೆಯವರೆಗೆ ನೋಡಿ, ಯಾವ ನಿಮಿಷದಲ್ಲಿ ಯಾರು ಬಂದರು, ಏನೆಂದರು, ಏನು ತೊಟ್ಟಿದ್ದರು, ಹೇಗೆ ನಿಂತಿದ್ದರು ಎಂದು ಬರೆದಿಡಬೇಕು. ಐದು ವರ್ಷ ಬಿಟ್ಟು ಯಾರಾದರೂ ಓಡಿ ಬಂದು, ಆ ಮಂತ್ರಿ ಕಾರಿಳಿದು ಮುಖ ಸಿಂಡರಿಸಿದ ಶಾಟ್ ಬೇಕು ಎಂದರೆ ಅವರು ನೀರು ಕುಡಿದು ಮುಗಿಸುವಷ್ಟರಲ್ಲಿ ಹುಡುಕಿಕೊಡಬೇಕು.

ಅಲ್ಲಿ ಒಂದು ಪದ್ಧತಿಯಿತ್ತು. ನಾಲ್ಕು ಜನ ಮುಖಗಳನ್ನು ಹಂಚಿಕೊಂಡಿದ್ದರು. ಸಿನಿಮಾದವರು ಒಬ್ಬಳಿಗೆ, ಆಟಗಾರರು ಒಬ್ಬನಿಗೆ, ರಾಜಕಾರಣಿಗಳು ಉಳಿದಿಬ್ಬರಿಗೆ. ಒಮ್ಮೆ ಒಬ್ಬರ ಪಾಲಿಗೆ ಬಂದ ಮುಖ ಕೈ ಬದಲಾಗುತ್ತಿರಲಿಲ್ಲ. ವರ್ಷಗಟ್ಟಲೆ ನೋಡಿದ ಕಣ್ಣಿಗೆ ಮಾತ್ರ ಗುಂಪಿನ ನಡುವೆ ಬೆನ್ನು ಕಂಡರೂ ಗುರುತು ಸಿಗುತ್ತದಂತೆ. ನನ್ನ ಹೆಂಡತಿ ಕೆಲಸಕ್ಕೆ ಸೇರಿದ ವಾರ ಒಬ್ಬ ಬಡಕಲು ನಗರಸಭಾ ಸದಸ್ಯ ಕೆಟ್ಟುಹೋದ ಬೀದಿದೀಪದ ಕೆಳಗೆ ನಿಂತು ಹನ್ನೊಂದು ಸೆಕೆಂಡು ಕೂಗಾಡಿದ್ದ. ಹಳಬರಿಗೆ ಯಾರಿಗೂ ಬೇಡವಾದ ಮುಖ. ಹೊಸಬಳಲ್ಲವೇ ಎಂದು ಇವಳ ಮೇಜಿಗೆ ತಳ್ಳಿದರು. ಆ ಬಡಕಲ ಮುಂದೆ ಶಾಸಕನಾದ, ಮಂತ್ರಿಯಾದ, ಪಕ್ಷ ಬಿಟ್ಟ, ಪಕ್ಷ ಕಟ್ಟಿದ, ಸೋತ, ಗೆದ್ದ. ಬೆಳಗಾದರೆ ಸುದ್ದಿಯಲ್ಲಿ, ಸಂಜೆಯಾದರೆ ಚರ್ಚೆಯಲ್ಲಿ. ನಾನು ಅವನಿಗೆ ಪೆಟ್ಟಿಗೆಯವನು ಎಂದು ಹೆಸರಿಟ್ಟೆ. ಟೀವಿ ಪೆಟ್ಟಿಗೆಯಿಂದ ಈಚೆಗೆ ಬಂದು ನಮ್ಮ ಊಟದ ಮೇಜಿನಲ್ಲಿ ಕೂತುಬಿಟ್ಟಿದ್ದನಲ್ಲ, ಅದಕ್ಕೆ.

ಊಟಕ್ಕೆ ಕೂತರೆ ಅವನದೇ ಮಾತು. ಇವತ್ತು ಅವರು ಮೊದಲ ಸಲ ಬೂದು ಕೋಟು ಹಾಕಿದ್ರು. ಇವತ್ತು ಅವರಿಗೆ ನೆಗಡಿ. ಇವತ್ತು ಅವರು ಆರು ವರ್ಷದ ಹಿಂದೆ ಹೇಳಿದ್ದಕ್ಕೆ ಉಲ್ಟಾ ಹೇಳಿದ್ರು, ನಾನೇ ಎರಡೂ ತೆಗೆದುಕೊಟ್ಟೆ. ಅವರು, ಅವರು, ಅವರು. ನಾನು ತಟ್ಟೆ ನೋಡುತ್ತ ಹೂಂಗುಡುತ್ತಿದ್ದೆ. ಹೊಟ್ಟೆಯೊಳಗೆ ಊಟಕ್ಕಿಂತ ಮೊದಲು ಕಿಚ್ಚು ಇಳಿದಿರುತ್ತಿತ್ತು.

ನನ್ನದು ಕನ್ನಡಕದ ಅಂಗಡಿ. ಎರಡು ದೊಡ್ಡ ಅಂಗಡಿಗಳ ನಡುವೆ ಸಿಕ್ಕಿಕೊಂಡ ಕಿರಿದಾದ ಕೋಣೆ. ಮುಂದೆ ಫ್ರೇಮುಗಳ ಗೋಡೆ, ಹಿಂದೆ ಪರದೆ, ಪರದೆಯ ಆಚೆ ನಾನು ಮತ್ತು ಗಾಜು ಉಜ್ಜುವ ಯಂತ್ರ. ಮೂವತ್ತು ವರ್ಷದಿಂದ ಜನರ ಕಣ್ಣಿನೊಳಗೆ ಇಣುಕಿ ನೋಡಿದವನು ನಾನು. ಯಾರಿಗೆ ಎಷ್ಟು ಕಾಣುತ್ತದೆ, ಯಾರು ಅಕ್ಷರದ ಬೋರ್ಡನ್ನು ಬಾಯಿಪಾಠ ಮಾಡಿಕೊಂಡು ಬಂದು ಓದುತ್ತಾರೆ, ಎಲ್ಲ ಗೊತ್ತು. ಗೊತ್ತಿದ್ದರೂ ತುಟಿ ಬಿಚ್ಚುವುದಿಲ್ಲ. ಗಿರಾಕಿಯ ಕಣ್ಣಿನ ವಿಷಯ ಪರದೆ ದಾಟಿ ಹೊರಗೆ ಹೋಗಬಾರದು, ಹೆಂಡತಿಗೂ ಹೇಳಬಾರದು. ಈ ಕಸುಬಿನಲ್ಲಿ ನನಗಿದ್ದ ಹೆಮ್ಮೆ ಅದೊಂದೇ.

ಒಂದು ಭಾನುವಾರ ಅವಳನ್ನು ಪರೀಕ್ಷೆ ಮಾಡಿದೆ. "ನಿನ್ನೆ ನಾನು ಯಾವ ಬಣ್ಣದ ಶರ್ಟ್ ಹಾಕಿದ್ದೆ ಹೇಳು ನೋಡೋಣ."

"ಬಿಳೀದು," ಎಂದಳು, ಬಟ್ಟೆ ಮಡಚುತ್ತ.

"ನೀಲಿ. ಸರಿ, ನಿನ್ನೆ ಅವನೇನು ಹಾಕಿದ್ದ?"

"ಬೂದು ಕೋಟು. ಎರಡನೇ ಗುಂಡಿ ಹೊಸದು, ಬೇರೆ ಬಣ್ಣ. ಯಾಕೆ?"

ಯಾಕಂತೆ. ನನಗೆ ಮೈಯೆಲ್ಲ ಉರಿದುಹೋಯಿತು. ಅವನ ಕೋಟಿನ ಗುಂಡಿಗಿದ್ದ ಭಾಗ್ಯ ನನ್ನ ಇಡೀ ಶರ್ಟಿಗೆ ಇರಲಿಲ್ಲ. ನನಗೆ ಬೇಕಿದ್ದದ್ದು ಜಾಸ್ತಿಯೇನಲ್ಲ. ಒಂದೇ ಒಂದು ಸಲ ಅವಳು ಅವನನ್ನು ನೋಡುವ ಹಾಗೆ ನನ್ನನ್ನು ನೋಡಬೇಕು. ಅದಕ್ಕಾಗಿ ನಾನು ಒಳಗೊಳಗೇ ಎಷ್ಟು ಒದ್ದಾಡುತ್ತಿದ್ದೆ ಎಂಬುದು ಇಷ್ಟು ವಯಸ್ಸಾದವನಿಗೆ ಹೇಳಿಕೊಳ್ಳಲು ನಾಚಿಕೆಯ ವಿಷಯ.

ಅವನ ಮೇಲೆ ಅವಳಿಗೆ ಅಭಿಮಾನವಿದ್ದಿದ್ದರೆ ಜಗಳವಾಡಿ ಮುಗಿಸಬಹುದಿತ್ತು. ಅದೂ ಇರಲಿಲ್ಲ. "ಓಟು ಅವನಿಗೇ ತಾನೇ?" ಎಂದು ಒಮ್ಮೆ ಚುಚ್ಚಿದೆ.

"ಅವರಿಗ್ಯಾಕೆ ಹಾಕಲಿ? ಏನೇನು ಹೇಳಿ ಏನೇನು ಮಾಡಿದ್ದಾರೆ ಅಂತ ನನಗಿಂತ ಯಾರಿಗೆ ಗೊತ್ತು," ಎಂದು ನಕ್ಕಳು.

ತಾನು ಓಟೇ ಹಾಕದ ಮನುಷ್ಯನನ್ನು ಇಷ್ಟು ನೋಡುತ್ತಾಳೆ, ತಾಳಿಕೊಂಡು ಬಾಳುವವನನ್ನು ನೋಡುವುದಿಲ್ಲ. ಮಗಳಿಗೆ ಇದೆಲ್ಲ ತಮಾಷೆ. "ಅಪ್ಪಾ, ನೀನೂ ಚುನಾವಣೆಗೆ ನಿಂತ್ಕೋ. ಅಮ್ಮ ನಿನ್ನ ಫೈಲ್ ತೆಗೀತಾಳೆ," ಎನ್ನುತ್ತಿದ್ದಳು.

ಎಲ್ಲಕ್ಕಿಂತ ನನ್ನ ಹೊಟ್ಟೆ ಉರಿಸಿದ್ದು 'ಚಿಂತನೆ'. ಪೆಟ್ಟಿಗೆಯವನಿಗೆ ಒಂದು ಅಭ್ಯಾಸ. ಕಷ್ಟದ ಪ್ರಶ್ನೆ ಬಂದಾಗ ಕುತ್ತಿಗೆಯನ್ನು ಪೂರ್ತಿ ಎಡಕ್ಕೆ ತಿರುಗಿಸಿ, ಒಂದು ಕ್ಷಣ ಸುಮ್ಮನಿದ್ದು, ಆಮೇಲೆ ಉತ್ತರ ಕೊಡುತ್ತಿದ್ದ. ಬಹಳ ಹಿಂದೆ ನನ್ನ ಹೆಂಡತಿ ಅಂಥ ಶಾಟುಗಳಿಗೆಲ್ಲ 'ಚಿಂತನೆ, ಎಡಕ್ಕೆ' ಎಂದು ಗುರುತು ಹಾಕಿದ್ದಳು. ಅವನ ಬಗ್ಗೆ ಯಾವ ಕಾರ್ಯಕ್ರಮ ಮಾಡಿದರೂ ವಾಹಿನಿಯವರಿಗೆ ಆ ಶಾಟ್ ಬೇಕೇ ಬೇಕು. ಹಿಂದೆ ಗಂಭೀರ ಸಂಗೀತ, ಮುಂದೆ ಅವನ ತಿರುಗಿದ ಮುಖ. ಊರಿನವರೆಲ್ಲ ಅವನನ್ನು ಆಳವಾದ ಮನುಷ್ಯ ಎಂದುಕೊಂಡದ್ದು ನನ್ನ ಹೆಂಡತಿ ಬರೆದ ಒಂದು ಪದದಿಂದ. ಒಂದು ದಿನ ಅಂಗಡಿಯ ಕನ್ನಡಿಯೆದುರು ನಾನೂ ಎಡಕ್ಕೆ ತಿರುಗಿ ಚಿಂತಿಸಿ ನೋಡಿದೆ. ಫ್ರೇಮ್ ನೋಡುತ್ತಿದ್ದ ಗಿರಾಕಿ, "ಕುತ್ತಿಗೆ ಹಿಡ್ಕೊಂಡಿದೆಯಾ?" ಎಂದು ಕೇಳಿದರು.

ಹೋದ ಚುನಾವಣೆಗೆ ಎರಡು ವಾರವಿದ್ದಾಗ ಇವಳ ವಾಹಿನಿಯಲ್ಲೇ ಅವನ ದೊಡ್ಡ ಸಂದರ್ಶನ ನಿಗದಿಯಾಯಿತು. ಬೆಳಿಗ್ಗೆ ಹನ್ನೊಂದಕ್ಕೆ, ನೇರ ಪ್ರಸಾರ, ಒಂದು ಗಂಟೆ. ತೊಂದರೆಯೊಂದಿತ್ತು. ಸ್ಟುಡಿಯೋ ದೀಪಗಳು ಅವನ ಕನ್ನಡಕದ ಮೇಲೆ ಬಿದ್ದು ಹೊಳೆಯುತ್ತಿದ್ದವು. ಕಣ್ಣಿರಬೇಕಾದ ಕಡೆ ಎರಡು ಬಿಳಿ ಚುಕ್ಕೆ. ಚರ್ಚೆಗಳಲ್ಲಿ ಹೇಗೋ ನಡೆದುಹೋಗುತ್ತಿತ್ತು. ಈ ಸಲ ಕಾರ್ಯಕ್ರಮದ ಪ್ರೊಡ್ಯೂಸರಮ್ಮ ಹಟ ಹಿಡಿದರು. ಜನರಿಗೆ ಅವರ ಕಣ್ಣು ಕಾಣಬೇಕು, ಹೊಳಪು ಹೊಡೆಯದ ಗಾಜು ಹಾಕಿಸಲೇಬೇಕು. ಇಲ್ಲದಿದ್ದರೆ ತಾನೇ ಯಾವುದಾದರೂ ದೊಡ್ಡ ಅಂಗಡಿಯವರನ್ನು ಸ್ಟುಡಿಯೋಗೆ ಕರೆಸುತ್ತೇನೆ ಎಂದರಂತೆ.

"ನಾನು ನಿಮ್ಮ ಹೆಸರು ಹೇಳಿದೆ," ಎಂದಳು ನನ್ನ ಹೆಂಡತಿ, ಅಂದು ಸಂಜೆ ಮನೆಗೆ ಬಂದವಳೇ. "ನಾಳೆ ಮಧ್ಯಾಹ್ನ ಅವರು ಅಂಗಡಿಗೆ ಬರ್ತಾರೆ."

"ಊರಲ್ಲಿ ಬೇರೆ ಕನ್ನಡಕದವರು ಇಲ್ವಾ?"

"ಇದ್ದಾರೆ. ನೀವೇ ಮಾಡಬೇಕು ಅಂತ ನನಗೆ."

"ಓಹೋ. ಅವನಿಗೆ ಚೆನ್ನಾಗಿ ಕಾಣಲಿ ಅಂತ ನಾನು ಗಾಜು ಉಜ್ಜಬೇಕು."

"ರೀ, ಹೂಂ ಅನ್ನಿ ಸಾಕು," ಎಂದಳು. ನಾನು ಹೂಂ ಎಂದೆ. ಮುಖ ಮಾತ್ರ ಗಂಟು ಹಾಕಿಕೊಂಡೇ ಇದ್ದೆ.

ಮರುದಿನ ಅರ್ಧ ಷಟರ್ ಎಳೆದು ಕಾದೆ. ಬಂದ. ಟೀವಿಯಲ್ಲಿ ಕಂಡಷ್ಟು ಎತ್ತರವಿಲ್ಲ, ಅದೊಂದು ಸಮಾಧಾನ. ಜೊತೆಗಿದ್ದವರನ್ನು ಹೊರಗೇ ನಿಲ್ಲಿಸಿ ಒಬ್ಬನೇ ಪರದೆಯೊಳಗೆ ಬಂದು ಸ್ಟೂಲಿನ ಮೇಲೆ ಕೂತ.

"ನಿಮ್ಮ ಮನೆಯವರು ಆ ಚಾನೆಲ್‌ನಲ್ಲಿ ಕೆಲಸ ಮಾಡ್ತಾರಂತೆ," ಎಂದ. "ಏನು ಮಾಡ್ತಾರೆ?"

ಇಪ್ಪತ್ತೆರಡು ವರ್ಷ. ಅವನ ಗುಂಡಿ ಬದಲಾದದ್ದು ಗೊತ್ತಿರುವ ಹೆಂಗಸು ಈ ಲೋಕದಲ್ಲಿದ್ದಾಳೆಂದು ಅವನಿಗೆ ಗೊತ್ತೇ ಇರಲಿಲ್ಲ. ಸಂತೋಷವಾಗಬೇಕಿತ್ತು, ಆಗಲಿಲ್ಲ. ಅವಳ ಪರವಾಗಿ ಸಿಟ್ಟೇ ಬಂತು. "ಲೈಬ್ರರಿ ಸಾರ್," ಎಂದಷ್ಟೇ ಹೇಳಿದೆ.

ಕಣ್ಣಿನ ನಡುವಿನ ಅಂತರ ಅಳೆಯಬೇಕು. ಅಂಗೈಯಿಂದ ಅವನ ಬಲಗಣ್ಣು ಮುಚ್ಚಿ, "ಈ ದೀಪ ನೋಡಿ ಸಾರ್," ಎಂದೆ. ಎಡಗಣ್ಣು ದೀಪ ನೋಡಲಿಲ್ಲ. ನಿಧಾನವಾಗಿ ಹೊರಮೂಲೆಗೆ ಸರಿದು ಎಲ್ಲೋ ನಿಂತಿತು. ದೀಪ ಹತ್ತಿರ ತಂದೆ, ಆರಿಸಿದೆ, ಹಚ್ಚಿದೆ. ಆ ಕಣ್ಣಿಗೆ ಯಾವುದರ ಗೊಡವೆಯೂ ಇರಲಿಲ್ಲ.

ಅಂಗೈ ತೆಗೆದೆ.

"ಹನ್ನೆರಡು ವರ್ಷದವನಿದ್ದಾಗ ಕಲ್ಲು ಬಿತ್ತು," ಎಂದ. "ನಮ್ಮ ಮನೆಯವರನ್ನ ಬಿಟ್ರೆ ಯಾರಿಗೂ ಗೊತ್ತಿಲ್ಲ. ಕನ್ನಡಕ ಯಾವಾಗಲೂ ಪರ ಊರಲ್ಲಿ ಮಾಡಿಸ್ತೀನಿ. ಆಯಾಸ ಆದ್ರೆ ಕಣ್ಣು ಹೀಗೆ ಜಾರತ್ತೆ. ಗಾಜು ಹೊಳೆದ್ರೆ ಕಾಣಲ್ಲ. ಈಗ ಹೊಳೀಬಾರದು ಅಂತಾರೆ. ಬೇಡ ಅಂದ್ರೆ ಯಾಕೆ ಅಂತ ಕೇಳ್ತಾರೆ. ಎದುರು ಪಕ್ಷದವರ ಕಿವಿಗೆ ಬಿದ್ರೆ, ಅರ್ಧ ಕಣ್ಣಿನವನಿಗೆ ಓಟು ಹಾಕ್ತೀರಾ ಅಂತ ಮೈಕ್ ಕಟ್ಕೊಂಡು ತಿರುಗ್ತಾರೆ. ಯಜಮಾನ್ರೇ, ಏನಾದ್ರೂ ಮಾಡಿ."

"ಇಲ್ಲಿಂದ ಒಂದು ಮಾತು ಹೊರಗೆ ಹೋಗಲ್ಲ ಸಾರ್," ಎಂದೆ. ಮೂವತ್ತು ವರ್ಷದಿಂದ ಹೇಳುತ್ತ ಬಂದ ಮಾತು. ಅಭ್ಯಾಸಬಲದಿಂದ ಬಂತು.

ಅವನು ಹೋದ ಮೇಲೆ ಕೂತುಕೊಂಡೆ. ಆಗ ಹೊಳೆಯಿತು. ಎಡಕ್ಕೆ ತಿರುಗುತ್ತಿದ್ದದ್ದು ಚಿಂತನೆಯಲ್ಲ, ಮಣ್ಣೂ ಅಲ್ಲ. ಎಡಗಡೆಯಿಂದ ಪ್ರಶ್ನೆ ಕೇಳಿದವನು ಕಾಣುತ್ತಿರಲಿಲ್ಲ, ಬಲಗಣ್ಣು ತಂದು ನೋಡುತ್ತಿದ್ದ, ಅಷ್ಟೆ. ನನ್ನ ಹೆಂಡತಿಯ ಇಪ್ಪತ್ತೆರಡು ವರ್ಷದ ಕಣ್ಣಿಗೆ ಬೀಳದ್ದು ನನ್ನ ಅಂಗೈಗೆ ಎರಡು ನಿಮಿಷದಲ್ಲಿ ಸಿಕ್ಕಿತ್ತು. ಸುಳ್ಳು ಹೇಳುವುದಿಲ್ಲ, ಒಬ್ಬನೇ ಕೂತು ಗಟ್ಟಿಯಾಗಿ ನಕ್ಕೆ. ಎಷ್ಟೋ ವರ್ಷದ ಮೇಲೆ ಹೊಟ್ಟೆ ತಣ್ಣಗಾಗಿತ್ತು.

ಗಾಜು ಉಜ್ಜುವಾಗ ಕೆಟ್ಟ ಯೋಚನೆಯೂ ಬಂತು. ಬಲಗಾಜಿನ ಪವರ್ ಸ್ವಲ್ಪ ಏರುಪೇರು ಮಾಡಿದರೆ ಸಾಕು, ಅರ್ಧ ಗಂಟೆಯಲ್ಲಿ ತಲೆ ಸಿಡಿಯುತ್ತದೆ. ಲಕ್ಷಾಂತರ ಜನರೆದುರು ಹಣೆ ಹಿಡಿದುಕೊಳ್ಳುತ್ತಾನೆ. ಯಂತ್ರದ ಮುಂದೆ ಸ್ವಲ್ಪ ಹೊತ್ತು ಹಾಗೇ ನಿಂತಿದ್ದೆ. ಕೈ ಬರಲಿಲ್ಲ. ಬೈದುಕೊಂಡೇ ಸರಿಯಾದ ಪವರಿಗೇ ಉಜ್ಜಿದೆ. ಆಮೇಲೆ ಒಂದು ಉಪಾಯ ಮಾಡಿದೆ. ಬಲಗಣ್ಣಿಗೆ ಹೊಳಪು ತಡೆಯುವ ಕೋಟಿಂಗ್ ಇರುವ ಗಾಜು, ಎಡಗಣ್ಣಿಗೆ ಏನೂ ಇಲ್ಲದ ಬರಿ ಗಾಜು. ಬಲಗಡೆ ಕಣ್ಣು ಸ್ವಚ್ಛವಾಗಿ ಕಾಣುತ್ತದೆ, ಎಡಗಡೆ ಮೊದಲಿನ ಹಾಗೇ ದೀಪ ಹೊಳೆಯುತ್ತದೆ. ಪ್ರೊಡ್ಯೂಸರಮ್ಮ ಫೋನ್ ಮಾಡಿ, ಒಂದು ಕಡೆ ಇನ್ನೂ ಮಿಂಚುತ್ತಲ್ಲ ಎಂದಾಗ, "ಆ ಪವರಿನ ಗಾಜೇ ಹಾಗೆ ಮೇಡಂ," ಎಂದು ತಳ್ಳಿಹಾಕಿದೆ. ಕಸುಬಿನಲ್ಲಿ ಇಂಥ ಕೆಲಸ ನಾನು ಮತ್ತೊಂದು ಮಾಡಿಲ್ಲ.

ಸಂದರ್ಶನವನ್ನು ಅಂಗಡಿಯ ಸಣ್ಣ ಟೀವಿಯಲ್ಲಿ ನೋಡಿದೆ. ಪ್ರಶ್ನೆ ಕೇಳುವವನು ಬೇಕೆಂದೇ ಎಂಬಂತೆ ಎಡಗಡೆ ಕೂತಿದ್ದ. ಪೆಟ್ಟಿಗೆಯವನು ಒಂದು ಗಂಟೆಯಲ್ಲಿ ಹದಿನೇಳು ಸಲ ಚಿಂತಿಸಿದ. ಬಲಗಣ್ಣು ಚುರುಕಾಗಿ ಹೊಳೆಯುತ್ತಿತ್ತು. ಎಡಗಣ್ಣು ಜಾರಿರಲೂಬಹುದು, ನೋಡಿದವರಿಗೆ ದೀಪ ಮಾತ್ರ ಕಂಡಿತು. ಅಂಗಡಿಗೆ ಬಂದಿದ್ದ ಮುದುಕರೊಬ್ಬರು, "ಏನು ಕಳೆ ನೋಡಿ ಮುಖದಲ್ಲಿ," ಎಂದರು. ಕಳೆಯಂತೆ. ಕಳೆ ಹಚ್ಚಿದವನು ಇಲ್ಲೇ ಇದ್ದ, ಅವನನ್ನು ಕೇಳುವವರಿಲ್ಲ. ಸಂಜೆ ಷಟರ್ ಎಳೆಯುವ ಹೊತ್ತಿಗೆ ತಣ್ಣಗಾಗಿದ್ದ ಹೊಟ್ಟೆ ಮತ್ತೆ ಕಾದಿತ್ತು. ಇವತ್ತು ಮನೆಯಲ್ಲಿ ಎಷ್ಟು ಹೊಗಳಿಕೆ ಕೇಳಬೇಕೋ ಎಂದು ದಾರಿಯುದ್ದಕ್ಕೂ ಹಲ್ಲು ಕಡಿಯುತ್ತ ಹೋದೆ.

ಆರು ಗಂಟೆಗೆ ಅವಳು ಬಂದಳು. ಚಪ್ಪಲಿ ಕೂಡ ಬಿಡಲಿಲ್ಲ. ಬಾಗಿಲಲ್ಲೇ ನಿಂತು ನನ್ನನ್ನು ನೋಡಿದಳು. ಅವಳ ಮುಖ ಕೆಂಪಾಗಿತ್ತು, ಮೆಟ್ಟಿಲು ಓಡಿ ಹತ್ತಿದವರ ಹಾಗೆ.

"ರೀ, ಇವತ್ತು ಅವರ ಕಣ್ಣು..." ಎಂದು ಶುರುಮಾಡಿದಳು.

ಅಷ್ಟೇ ಸಾಕಾಯಿತು. "ಸಾಕು ಮಾಡು," ಎಂದೆ. "ಅವನ ಕಣ್ಣಂತೆ. ನಿನಗೇನು ಗೊತ್ತು ಅವನ ಕಣ್ಣು? ಎಡಗಣ್ಣು ಕುರುಡು ಅವನಿಗೆ. ಹನ್ನೆರಡನೇ ವಯಸ್ಸಿಂದ ಕುರುಡು. ಚಿಂತನೆ ಅಂತೆ, ಚಿಂತನೆ. ಎಡಗಡೆ ಕೂತವನು ಕಾಣಲ್ಲ ಅಂತ ತಿರುಗ್ತಾನೆ. ಇಪ್ಪತ್ತೆರಡು ವರ್ಷ ನೋಡಿ ನೋಡಿ ಇದೇ ನೀನು ನೋಡಿದ್ದು?"

ಹೇಳುವಾಗ ಎಂಥ ಸುಖ.

ಅವಳು ನಿಧಾನವಾಗಿ ಚಪ್ಪಲಿ ಬಿಟ್ಟಳು. ಕೈಚೀಲವನ್ನು ಮೊಳೆಗೆ ತಗುಲಿಹಾಕಿದಳು. ಬಂದು ಕುರ್ಚಿಯಲ್ಲಿ ಕೂತಳು.

"ನನಗೆ ಎಂಟು ವರ್ಷದಿಂದ ಗೊತ್ತು," ಎಂದಳು.

ಸೆರಗು ಸರಿಮಾಡಿಕೊಂಡು ಅವಳೇ ಮುಂದುವರಿಸಿದಳು.

"ಹೇಗೆ ಗೊತ್ತಾಯ್ತು ಕೇಳಿ. ನಿಮಗೆ ಎಡಗಿವಿ ಮಂದ ಆಗಿದೆ. ಆ ಗಾಜು ಉಜ್ಜೋ ಯಂತ್ರದ ಸದ್ದಿಗೆ. ನೀವು ಒಪ್ಪಲ್ಲ, ಒಪ್ಪಬೇಡಿ. ಎಂಟು ವರ್ಷದ ಹಿಂದೆ ಮಗಳು ಎಡಗಡೆ ಕೂತು ಏನಾದ್ರೂ ಕೇಳಿದ್ರೆ ನೀವು ಕುತ್ತಿಗೆ ಪೂರ್ತಿ ತಿರುಗಿಸಿ, ಸ್ವಲ್ಪ ಸುಮ್ಮನಿದ್ದು, ಆಮೇಲೆ ಉತ್ತರ ಕೊಡೋಕೆ ಶುರುಮಾಡಿದ್ರಿ. ಈ ತಿರುಗೋದು ಎಲ್ಲೋ ನೋಡಿದೀನಲ್ಲ ಅನ್ನಿಸ್ತು. ಮರುದಿನ ಹೋಗಿ ಅವರ ಹಳೇದೆಲ್ಲ ತೆಗೆದೆ. ಬಲಗಡೆಯವರು ಕೇಳಿದ್ರೆ ಒಂದು ಸಲವೂ ತಿರುಗಿಲ್ಲ. ಎಡಗಡೆಯವರು ಕೇಳಿದಾಗ ಮಾತ್ರ. ನಿಮ್ಮನ್ನ ನೋಡಿ ಅವರದ್ದು ಗೊತ್ತಾಗಿದ್ದು ನನಗೆ."

ಎಂಟು ವರ್ಷದಿಂದ ಬಸ್ಸಿನಲ್ಲಿ, ಆಸ್ಪತ್ರೆಯ ಬೆಂಚಿನಲ್ಲಿ, ರಸ್ತೆಯಲ್ಲಿ ನಡೆಯುವಾಗ ಅವಳು ಯಾವ ಕಡೆ ಇರುತ್ತಿದ್ದಳೆಂದು ಲೆಕ್ಕ ಹಾಕಿದೆ. ಬಲಗಡೆ. ಪ್ರತಿ ಸಲ ಬಲಗಡೆ.

"ಮತ್ತೆ ಚಿಂತನೆ ಅಂತ ಹಾಗೇ ಯಾಕೆ ಬಿಟ್ಟೆ?" ಎಂದು ಕೇಳಿದೆ.

"ಅವರ ಕಣ್ಣಿನ ವಿಷಯ ಹೇಳೋಕೆ ನಾನ್ಯಾರು? ಅದನ್ನ ನಿಮ್ಮಿಂದಲೇ ಕಲಿತಿದ್ದು. ಗಿರಾಕಿದು ಒಂದು ಮಾತು ನೀವು ನನ್ನ ಹತ್ರ ಆಡಿದ್ದಿಲ್ಲ. ಅದಕ್ಕೇ ಅವರನ್ನ ನಿಮ್ಮ ಹತ್ರ ಕಳಿಸಿದ್ದು. ಬೇರೆ ಯಾರ ಕೈಗೆ ಸಿಕ್ಕಿದ್ರೂ ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗ್ತಿತ್ತು."

ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು.

"ಇವತ್ತು ಶಾಟ್ ಹತ್ತಿರದಿಂದ ಬಂತು. ಬಲಗಡೆ ತಿಳಿ, ಎಡಗಡೆ ಹೊಳಪು. ನನಗೆ ತಕ್ಷಣ ಗೊತ್ತಾಯ್ತು ನೀವೇನು ಮಾಡಿದೀರಿ ಅಂತ. ಇವರಿಗೆ ತಿಳಿದಿದೆ, ಯಾರಿಗೂ ಹೇಳ್ದೆ ಮುಚ್ಚಿಟ್ಟಿದ್ದಾರೆ, ನನಗೂ ಹೇಳಲ್ಲ ಅಂತ. ಆ ಮೇಜಿನ ಮುಂದೆ ಕೂತು ಕಣ್ಣಲ್ಲಿ ನೀರು ಬಂತು ನನಗೆ. ಪಕ್ಕದವಳು ಏನಾಯ್ತು ಅಂದ್ಲು. ಅವರ ಮಾತು ಆಡೋಕೆ ಬರಲಿಲ್ಲ ನಾನು. ನಿಮ್ಮನ್ನ ನೋಡಬೇಕು ಅಂತ ಬಂದೆ. ಬಸ್ಸಿಗೂ ಕಾಯಲಿಲ್ಲ."

ಎದ್ದು ಅಡುಗೆಮನೆಗೆ ಹೋದಳು. ಪಾತ್ರೆಗೆ ನೀರು ಬಿಟ್ಟ ಸದ್ದು ಬಂತು. ನಾನು ಬಾಗಿಲವರೆಗೆ ಹೋಗಿ, "ತಪ್ಪಾಯ್ತು," ಎಂದೆ. ಅವಳು ತಿರುಗಲಿಲ್ಲ. "ನನಗೆ ತಾನೇ ಹೇಳಿದ್ದು, ಬಿಡಿ," ಎಂದಳು. ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ಚೆನ್ನಾಗಿತ್ತು.

ಆ ಚುನಾವಣೆಯಲ್ಲಿ ಅವನು ಗೆದ್ದ. ಆ ವರ್ಷದ ಕೊನೆಗೆ ಅವಳು ನಿವೃತ್ತಳಾದಳು. ಅವನ ಮುಖ ಹೊಸ ಹುಡುಗಿಯೊಬ್ಬಳ ಮೇಜಿಗೆ ಹೋಯಿತು. ಈಗ ಅವನು ಟೀವಿಯಲ್ಲಿ ಬಂದರೆ ಇಬ್ಬರೂ ಕೂತು ನೋಡುತ್ತೇವೆ, ನನಗೆ ಏನೂ ಅನ್ನಿಸುವುದಿಲ್ಲ. ಅವಳು ನನ್ನ ಬಲಗಡೆ ಕೂರುತ್ತಾಳೆ, ಬೇಕಾದ್ದೆಲ್ಲ ಕೇಳುತ್ತಾಳೆ, ನಗುತ್ತಾಳೆ. ಆದರೆ ಹೊಟ್ಟೆಕಿಚ್ಚು ಹೋಗಿಲ್ಲ, ಆಳು ಬದಲಾಗಿದ್ದಾನೆ. ಬಸ್ಸಿಗೂ ಕಾಯದೆ ಅವಳು ಯಾರನ್ನು ನೋಡಲು ಓಡಿ ಬಂದಳೋ, ಆ ಗಂಡಸಿನ ಮೇಲೆ ನನಗೆ ಈಗ ಹೊಟ್ಟೆಕಿಚ್ಚು. ಆ ದಿನ ಸಂಜೆ ಆರಕ್ಕೆ ಬಾಯಿ ಬಿಡುವವರೆಗೆ ಅವನು ನಾನೇ ಆಗಿದ್ದೆ.